ಕಿವುಡರ ಕಥೆ, ಅವರದೇ ಕೈಗಳಲ್ಲಿ

1964ರ ‘ನಾಂದಿ’ ನೆನಪಿದೆಯಾ? ಎನ್. ಲಕ್ಷ್ಮೀನಾರಾಯಣ್ ನಿರ್ದೇಶನ, ರಾಜ್‌ಕುಮಾರ್ ನಾಯಕ. ಕಿವಿ ಕೇಳದ ಹೆಂಡತಿಯ ಪಾತ್ರದಲ್ಲಿ ಹರಿಣಿ. ಕಿವುಡರ ಬದುಕನ್ನು ಗೌರವದಿಂದ ತೋರಿಸಿದ ಸಿನಿಮಾ ಅದು. ಆದರೆ ಕಥೆ ಹೇಳಿದವರು ಕಿವಿ ಕೇಳುವವರು.

ಕಿವುಡರು ತಮ್ಮ ಮಾತನ್ನು ತಾವೇ ಸಿನಿಮಾ ಮಾಡಿದ್ದು ಅದಕ್ಕೂ ಹಿಂದೆ. 1880ರಲ್ಲಿ ಇಟಲಿಯ ಮಿಲಾನ್‌ನಲ್ಲಿ ನಡೆದ ಕಿವುಡರ ಶಿಕ್ಷಣದ ಸಮ್ಮೇಳನ, ಅವರ ಶಾಲೆಗಳಲ್ಲಿ ಸನ್ನೆ ಭಾಷೆ ಬೇಡ ಎಂದು ನಿರ್ಣಯಿಸಿತು. 1913ರಲ್ಲಿ ಅಮೆರಿಕದ ಕಿವುಡ ನಾಯಕ ಜಾರ್ಜ್ ವೆಡಿಟ್ಜ್, ಆ ಭಾಷೆಯನ್ನು ಉಳಿಸಿಕೊಳ್ಳಿ ಎಂದು ಕ್ಯಾಮೆರಾ ಮುಂದೆ ಕೈಗಳಲ್ಲೇ ಭಾಷಣ ಮಾಡಿದರು. ಸನ್ನೆಯನ್ನು ಕಾಗದದ ಮೇಲೆ ಹಿಡಿಯುವುದು ಕಷ್ಟ. ಸಿನಿಮಾ ಅದನ್ನು ಇದ್ದ ಹಾಗೇ ಉಳಿಸುತ್ತದೆ.

ಈಗ ನಮ್ಮ ಕೋಲಾರಕ್ಕೆ ಬನ್ನಿ. ಮುಳಬಾಗಿಲು, ಶ್ರೀನಿವಾಸಪುರದ ಎಷ್ಟೋ ಮನೆಗಳಲ್ಲಿ ತೆಲುಗು, ಶಾಲೆಯಲ್ಲಿ ಕನ್ನಡ. ಮಾಲೂರಿನ ಗಡಿ ದಾಟಿದರೆ ತಮಿಳು. ಇಲ್ಲಿನ ಕಿವುಡ ಮಗುವಿಗೆ ಈ ಮೂರಕ್ಕಿಂತ ಹತ್ತಿರವಾಗಬಲ್ಲದ್ದು ಭಾರತೀಯ ಸನ್ನೆ ಭಾಷೆ. ಅದಕ್ಕೆ ತನ್ನದೇ ವ್ಯಾಕರಣವಿದೆ. ಹುಬ್ಬು, ಕಣ್ಣು, ಮುಖಭಾವ ಎಲ್ಲವೂ ಅದರ ಭಾಗ. 2016ರ ಅಂಗವಿಕಲರ ಹಕ್ಕುಗಳ ಕಾಯ್ದೆಯೂ ಸನ್ನೆ ಭಾಷೆಯನ್ನು ಸಂವಹನ ಎಂದೇ ಪರಿಗಣಿಸುತ್ತದೆ.

ಕಿವುಡ ಗೆಳೆಯರೇ, ಮೊಬೈಲ್ ಇದ್ದರೆ ಸಾಕು, ನಿಮ್ಮ ಕಥೆಯನ್ನು ನೀವೇ ಹೇಳಿ. ಕಿವಿ ಕೇಳುವವರೇ, ಅದನ್ನು ನೋಡಿ, ನಾಲ್ಕು ಸನ್ನೆ ಕಲಿಯಿರಿ, ನಿಮ್ಮ ಪ್ರತಿ ರೀಲಿಗೂ ಸಬ್‌ಟೈಟಲ್ ಹಾಕಿ.