ಜರಡಿಯಲ್ಲಿ ಸಿಕ್ಕಿಬಿದ್ದ ಊರು

ಮೊಬೈಲಿನ ಆಟಗಳಿಗೆ ಆಗಾಗ ಸಣ್ಣಪುಟ್ಟ ಅಪ್‌ಡೇಟುಗಳು ಬರುತ್ತಿರುತ್ತವೆ. ಆಟದ ಕಣ ಬದಲಾಗಿರುವುದಿಲ್ಲ. ಬಂದೂಕು, ಬಂಡಿಗಳೂ ಅವೇ. ಚಾಟಿನಲ್ಲಿ ಬೈಗುಳವನ್ನು ತಡೆಯುವ ಪದಪಟ್ಟಿಗೆ ಒಂದೆರಡು ಮಾತುಗಳು ಸೇರಿರಬಹುದು, ಅಷ್ಟೆ. ಇಷ್ಟರಿಂದ ಏನಾದೀತು ಎಂದು ವಾಚಕರು ಕೇಳಬಹುದು.

ವಿಜಯಪುರ ಜಿಲ್ಲೆಯ ಇಂಡಿಯ ಹುಡುಗನೊಬ್ಬನೂ ಮುದ್ದೇಬಿಹಾಳದವನೊಬ್ಬನೂ ಸಿಂದಗಿ ತಾಲ್ಲೂಕಿನ ಹಂದಿಗನೂರಿನವನೊಬ್ಬನೂ ಒಂದೇ ತಂಡದಲ್ಲಿ ಆಡುತ್ತಿರುವರೆಂದು ಭಾವಿಸೋಣ. ಹೊಸ ಪಟ್ಟಿಗೆ 'ಹಂದಿ' ಎಂಬ ಪದ ಸೇರಿದೆ. ನಿನ್ನದು ಯಾವ ಊರೆಂದು ಗೆಳೆಯರು ಕೇಳಿದಾಗ ಮೂರನೆಯವನು ಬರೆದ ಉತ್ತರದ ಮೊದಲೆರಡು ಅಕ್ಷರಗಳ ಜಾಗದಲ್ಲಿ ನಕ್ಷತ್ರಗಳು ಮೂಡುತ್ತವೆ. ಮತ್ತೆ ಮತ್ತೆ ಬರೆದರೆ ಅವನ ಚಾಟೇ ಕೆಲಕಾಲ ನಿಂತುಹೋಗಬಹುದು. ಊರಿನ ಹೆಸರು ಹೇಳಿದ್ದೇ ಅಪರಾಧ!

ಇಂಥ ಜರಡಿಗೆ ಅರ್ಥ ತಿಳಿಯದು; ಅದು ಅಕ್ಷರಗಳ ಸಾಲನ್ನು ಹೋಲಿಸಿ ನೋಡುತ್ತದೆ. 1996ರಲ್ಲಿ ಅಮೆರಿಕದ ಎಒಎಲ್ ಸಂಸ್ಥೆಯ ಜರಡಿಯು ಇಂಗ್ಲೆಂಡಿನ ಸ್ಕನ್‌ತಾರ್ಪ್ ಪಟ್ಟಣದ ಹೆಸರಿನೊಳಗೆ ಅಶ್ಲೀಲ ಪದವೊಂದನ್ನು ಕಂಡು, ಅಲ್ಲಿಯವರಿಗೆ ಖಾತೆ ತೆರೆಯಲು ಬಿಡಲಿಲ್ಲ. ಈ ಬಗೆಯ ತೊಡಕಿಗೆ ಇಂದಿಗೂ ಆ ಊರಿನದೇ ಹೆಸರು.

ಹಾಗಾದರೆ ಇಡೀ ಪದ ಹೊಂದಿದಾಗ ಮಾತ್ರ ತಡೆಯಬಾರದೇಕೆ? ಇಂಗ್ಲಿಷಿಗೆ ಈ ಉಪಾಯ ಬಹುಮಟ್ಟಿಗೆ ಸಾಕು. ಕನ್ನಡದಲ್ಲಾದರೋ ಪ್ರತ್ಯಯಗಳು ಪದಕ್ಕೇ ಅಂಟಿಕೊಳ್ಳುತ್ತವೆ: ಕತ್ತೆ, ಕತ್ತೆಗೆ, ಕತ್ತೆಯಂಥವನು. ಇಡೀ ಪದವನ್ನು ಹುಡುಕಿದರೆ 'ಕತ್ತೆಯಂಥವನು' ಸಲೀಸಾಗಿ ಪಾರಾಗುತ್ತಾನೆ. ತುಣುಕನ್ನು ಹುಡುಕಿದರೆ ಹಂದಿಗನೂರು ಸಿಕ್ಕಿಬೀಳುತ್ತದೆ. ವ್ಯಾಕರಣವು ಪರೀಕ್ಷೆಗಷ್ಟೇ ಎನ್ನುವ ವಿದ್ಯಾರ್ಥಿಗಳು ಇದನ್ನು ಗಮನಿಸಬೇಕು.

ಕನ್ನಡವನ್ನು ಇಂಗ್ಲಿಷ್ ಅಕ್ಷರಗಳಲ್ಲಿ ಬರೆದಾಗ ಗೊಂದಲ ಇಮ್ಮಡಿಸುತ್ತದೆ. ಸಿಂದಗಿಯನ್ನೇ 'ಡಿ'ಯ ಬಳಿಕ 'ಎ' ಇಟ್ಟು ಒಬ್ಬರು ಬರೆದರೆ ಬಿಟ್ಟು ಒಬ್ಬರು ಬರೆಯುತ್ತಾರೆ. ಬಸವನ ಬಾಗೇವಾಡಿಯಲ್ಲಿ ಬಸವರಾಜರಿಗೇನು ಕೊರತೆ? ಅವರಲ್ಲೊಬ್ಬನನ್ನು ಗೆಳೆಯರು 'ಬಸ್ಸು' ಎಂದು ಕರೆದು 'ಎಸ್' ಅಕ್ಷರವನ್ನು ಎರಡು ಸಲ ಒತ್ತಿದರೆ, ಹೆಸರಿನ ನಡುವೆ ಇಂಗ್ಲಿಷಿನ ಕತ್ತೆಯೊಂದು ಬಂದು ನಿಲ್ಲುತ್ತದೆ!

ಇತ್ತ 'ಯಾಕಲೇ ಮಗನ' ಎಂಬುದು ಈ ಸೀಮೆಯ ಗೆಳೆಯರಲ್ಲಿ ಸಲುಗೆಯ ಮಾತು; ಅಪರಿಚಿತನು ಅಂದರೆ ಜಗಳ. 'ನಿನ್ನ ಜಾತಿ ಗೊತ್ತು, ನಮ್ಮ ತಂಡಕ್ಕೆ ಬರಬೇಡ' ಎಂಬ ವಾಕ್ಯದಲ್ಲಿ ಬೈಗುಳದ ಪದ ಒಂದೂ ಇಲ್ಲ. ನಮ್ಮ ಅಭಿಪ್ರಾಯದಲ್ಲಿ ಎಲ್ಲಕ್ಕಿಂತ ಹೆಚ್ಚು ನೋಯಿಸುವುದು ಇದೇ. ಪದಪಟ್ಟಿಯನ್ನು ನಿರಾಯಾಸವಾಗಿ ದಾಟುವುದೂ ಇದೇ. ಇದನ್ನು ತೂಗಿ ನೋಡಲು ಇಲ್ಲಿಯ ಆಡುಮಾತು ಬಲ್ಲ ಮನುಷ್ಯನೇ ಕುಳಿತಿರಬೇಕು.

ಊರುಗಳ ತೊಡಕಿಗಾದರೆ ಸುಲಭವಾದ ಪರಿಹಾರವಿದೆ. 2011ರ ಜನಗಣತಿಯ ಗ್ರಾಮಗಳ ಪಟ್ಟಿ ಎಲ್ಲರಿಗೂ ದೊರೆಯುತ್ತದೆ. ಅಪ್‌ಡೇಟನ್ನು ಹೊರಡಿಸುವ ಮುನ್ನ ಆ ಹೆಸರುಗಳನ್ನೆಲ್ಲ ಹೊಸ ಜರಡಿಗೆ ಹಾಕಿ ನೋಡಬಹುದು. ಸಿಕ್ಕಿಬಿದ್ದವನ್ನು ವಿನಾಯಿತಿಯ ಪಟ್ಟಿಗೆ ಸೇರಿಸಬಹುದು. ಕಂಪ್ಯೂಟರಿಗೆ ಇದು ಕೆಲವು ಕ್ಷಣಗಳ ಕೆಲಸ.