ಗಲ್ಲು ಶಿಕ್ಷೆ: ನೋವು ಯಾರಿಗೆ?

ಅಕ್ಕಂದಿರೇ,

ಒಂದು ಸಂಜೆ ನಿಡಘಟ್ಟದ ಕಲಿಕಾ ಕೇಂದ್ರದಲ್ಲಿ ಪೇಪರ್ ಓದುತ್ತಾ ಕೂತಿದ್ದೆವು. ‘ಗಲ್ಲು’ ಎಂಬ ಪದ ಬಂತು. “ಕೊಂದವನನ್ನ ಕೊಂದ್ರೆ ಲೆಕ್ಕ ಚುಕ್ತಾ ಆಯ್ತಲ್ವಾ?” ಎಂದರು ಒಬ್ಬ ಅಕ್ಕ. ನಾವು ಯಾರೂ ತಕ್ಷಣ ಉತ್ತರ ಹೇಳಲಿಲ್ಲ. ಬನ್ನಿ, ನಮ್ಮ ಸೀಮೆಯಲ್ಲೇ ನಡೆದ ಒಂದು ಸಂಗತಿ ನೋಡೋಣ.

ಮಾದಪ್ಪನ ಬೆಟ್ಟ ನಮಗೆಲ್ಲ ಗೊತ್ತು. ಅದರಾಚೆ ಪಾಲಾರ್ ಎಂಬ ಜಾಗವಿದೆ. 1993ರ ಏಪ್ರಿಲ್ 9ರಂದು ವೀರಪ್ಪನ್ ಗುಂಪು ಅಲ್ಲಿ ನೆಲಬಾಂಬು ಸಿಡಿಸಿತು. ಪೊಲೀಸರು, ಅರಣ್ಯ ಕಾವಲುಗಾರರು, ಅವರ ಜೊತೆ ಹೋದವರು, ಒಟ್ಟು 22 ಜನ ಸತ್ತರು. 22 ಮನೆಗಳ ದೀಪ ಆರಿತು. ಇದು ಘೋರ ತಪ್ಪು. ಶಿಕ್ಷೆ ಆಗಲೇಬೇಕು.

2001ರಲ್ಲಿ ಮೈಸೂರಿನ ವಿಶೇಷ ಕೋರ್ಟು ಸೈಮನ್, ಜ್ಞಾನಪ್ರಕಾಶ್, ಮೀಸೆಕಾರ ಮಾದಯ್ಯ, ಬಿಲವೇಂದ್ರನ್ ಎಂಬ ನಾಲ್ವರಿಗೆ ಜೀವಾವಧಿ ಶಿಕ್ಷೆ ಕೊಟ್ಟಿತು. 2004ರಲ್ಲಿ ಸುಪ್ರೀಂ ಕೋರ್ಟು ಅದನ್ನು ಗಲ್ಲು ಶಿಕ್ಷೆ ಮಾಡಿತು.

ಗಲ್ಲು ಶಿಕ್ಷೆ ಆದವರು ರಾಷ್ಟ್ರಪತಿಗಳಿಗೆ ಅರ್ಜಿ ಹಾಕಬಹುದು. ‘ಜೀವ ಉಳಿಸಿ’ ಎಂದು ಕೇಳುವ ಅರ್ಜಿ ಅದು. ಇವರೂ ಹಾಕಿದರು. ಉತ್ತರ ಬರಲು 9 ವರ್ಷ ಹಿಡಿಯಿತು. 2013ರಲ್ಲಿ ‘ಆಗದು’ ಎಂಬ ಉತ್ತರ ಬಂತು.

ಆಗ ಅವರು ಬೆಳಗಾವಿಯ ಹಿಂಡಲಗಾ ಜೈಲಿನಲ್ಲಿದ್ದರು. ನಮ್ಮ ಸೀಮೆಯಿಂದ ಅದು ನೂರಾರು ಮೈಲಿ ದೂರ. ಜೈಲಿನ ಬಾಗಿಲು ಸದ್ದಾದರೆ ‘ನಾಳೆಯೇ ಏನೋ’ ಎಂಬ ಭಯ. ಇನ್ನು ಗಲ್ಲಿಗೆ ಕಾಯುವವನ ಮನೆಯ ಪಾಡೇನು? ತಾಯಿ, ಹೆಂಡತಿ, ಮಕ್ಕಳು ಆತ ಇದ್ದಾನೆ ಅನ್ನುವಂತಿಲ್ಲ, ಸತ್ತ ಅನ್ನುವಂತಿಲ್ಲ. ಅವರು ಬಾಂಬು ಇಟ್ಟವರಲ್ಲ. ಆದರೂ ದಿನಾ ಸಾಯುತ್ತಾರೆ.

ವಿಷಯ ಮತ್ತೆ ಸುಪ್ರೀಂ ಕೋರ್ಟಿಗೆ ಹೋಯಿತು. ಸರಿಯಾದ ಕಾರಣವಿಲ್ಲದೆ ವರ್ಷಗಟ್ಟಲೆ ಸಾವಿಗೆ ಕಾಯಿಸುವುದು ಹಿಂಸೆ ಎಂದು ಕೋರ್ಟು ಹೇಳಿತು. 2014ರ ಜನವರಿ 21ರಂದು ನಾಲ್ವರ ಗಲ್ಲನ್ನು ರದ್ದು ಮಾಡಿ ಜೀವಾವಧಿಗೆ ಇಳಿಸಿತು.

ಅಕ್ಕಂದಿರೇ, ಇಲ್ಲಿ ಒಂದು ಮಾತು ಗಮನಿಸಿ. ಅದೇ ತಪ್ಪು, ಅದೇ ಜನ. ಒಮ್ಮೆ ಜೀವಾವಧಿ, ಒಮ್ಮೆ ಗಲ್ಲು, ಮತ್ತೆ ಜೀವಾವಧಿ. ಮೊದಲೇ ನೇಣು ಹಾಕಿದ್ದರೆ ಕೊನೆಯ ತೀರ್ಪಿನಿಂದ ಏನು ಬಂತು? ಬರೆದದ್ದು ತಪ್ಪಾದರೆ ಸ್ಲೇಟು ಒರೆಸಿ ಮತ್ತೆ ಬರೆಯುತ್ತೇವೆ. ಹೋದ ಜೀವವನ್ನು ಮತ್ತೆ ತರಲಾಗದು.

ನಾಲ್ವರನ್ನು ನೇಣಿಗೆ ಹಾಕಿದ್ದರೆ 22 ಮನೆಗಳಲ್ಲಿ ದೀಪ ಹತ್ತುತ್ತಿತ್ತೇ? ಇಲ್ಲ. ಕತ್ತಲಾದ ಮನೆಗಳಿಗೆ ಇನ್ನೂ ನಾಲ್ಕು ಸೇರುತ್ತಿದ್ದವು. ತಪ್ಪು ಮಾಡಿದವರಿಗೆ ಜೈಲು ಇರಲಿ. ಸತ್ತವರ ಮನೆಗೆ ಆಸರೆ ಸಿಗಲಿ. ಜೀವ ತೆಗೆಯುವುದು ಬೇಡ ಎಂಬುದು ನಮ್ಮ ಅನಿಸಿಕೆ.

ನೀವೇನಂತೀರಿ? ಲೆಕ್ಕ ಚುಕ್ತಾ ಆಗುತ್ತದೆಯೇ? ಇದನ್ನು ಮನೆಯವರಿಗೂ ಓದಿ ಹೇಳಿ. ನಾಳೆ ಕೂತು ಮಾತಾಡೋಣ.