ಕಾವಲಿಯ ಮೇಲೆ ಉರುಳುವ ಹನಿ

ಮಕ್ಕಳೇ, ಬೆಳಿಗ್ಗೆ ದೋಸೆ ಹುಯ್ಯುವ ಮುನ್ನ ಅಮ್ಮ ಕಬ್ಬಿಣದ ಕಾವಲಿಗೆ ನೀರು ಚಿಮುಕಿಸುವುದನ್ನು ನೋಡಿದ್ದೀರಾ? ಥರ್ಮಾಮೀಟರ್ ಇಲ್ಲದೆ ಕಾವಲಿಯ ಕಾವು ತಿಳಿಯುವ ಉಪಾಯವದು!

ನೀರು ಕುದಿಯುವುದು 100 ಡಿಗ್ರಿ ಸೆಲ್ಸಿಯಸ್‌ನಲ್ಲಿ. ಕಾವಲಿ ಅದಕ್ಕಿಂತ ಸ್ವಲ್ಪ ಹೆಚ್ಚು ಕಾದಿದ್ದರೆ ಹನಿ ‘ಚುಂಯ್’ ಎಂದು ಬೇಗನೆ ಆವಿಯಾಗುತ್ತದೆ. ಆದರೆ ಕಾವು ಸುಮಾರು 200 ಡಿಗ್ರಿ ದಾಟಿದರೆ ಹನಿ ಬೇಗ ಆರುವುದಿಲ್ಲ, ಮುತ್ತಿನಂತೆ ಉರುಳಾಡುತ್ತದೆ. ಏಕೆ? ಹನಿಯ ತಳಭಾಗ ತಟ್ಟನೆ ಆವಿಯಾಗಿ, ಹನಿಗೂ ಕಾವಲಿಗೂ ನಡುವೆ ತೆಳುವಾದ ಪದರವಾಗುತ್ತದೆ. ಆವಿಯ ಮೂಲಕ ಶಾಖ ನಿಧಾನವಾಗಿ ಹರಿಯುತ್ತದೆ.

ಜರ್ಮನಿಯ ವೈದ್ಯ ಲೈಡನ್‌ಫ್ರಾಸ್ಟ್ ಕಾದ ಕಬ್ಬಿಣದ ಚಮಚದಲ್ಲಿ ಇದನ್ನು ಪರೀಕ್ಷಿಸಿ 1756ರಲ್ಲಿ ವಿವರಿಸಿದರು. ಆದ್ದರಿಂದಲೇ ಇದಕ್ಕೆ ‘ಲೈಡನ್‌ಫ್ರಾಸ್ಟ್ ಪರಿಣಾಮ’ ಎಂದು ಹೆಸರು.

ಹನಿ ಉರುಳಿದರೆ ಉರಿ ತಗ್ಗಿಸಬೇಕು. ಇಲ್ಲವಾದರೆ ದೋಸೆ ಸೀದುಹೋದೀತು. ನಾಳೆ ನೀವೂ ಗಮನಿಸಿ. ಆದರೆ ದೂರದಲ್ಲಿ ನಿಂತು, ಜೋಕೆ!